ಬೇರೆ ಗ್ರಹದ ಜೌಗಿನಲ್ಲಿ ಪ್ರಾಣಿ ಇದ್ದರೆ ಹೇಗಿರಬಹುದು?

ಓದುಗರ ಪ್ರಶ್ನೆ: ಬೇರೊಂದು ಗ್ರಹದಲ್ಲಿ ನಡೆಯುವ ಕಥೆ ಬರೆಯುತ್ತಿದ್ದೇನೆ. ಅಲ್ಲಿನ ಜೌಗಿನಲ್ಲಿ ಒಂದು ದೊಡ್ಡ ಪ್ರಾಣಿ ಇರಬೇಕು. ಎಂಟು ಕಾಲು, ಮೂರು ಬಾಲ, ಮೈತುಂಬ ಲೋಳೆ ಅಂತ ಬರೆದರೆ ಸಾಕಾ? ಓದುವವರು ನಂಬಬೇಕಾದರೆ ಇನ್ನೇನು ಬೇಕು?

ಉತ್ತರ: ಕಾಲು, ಬಾಲ ಎಣಿಸುವುದನ್ನು ಆಮೇಲೆ ನೋಡೋಣ. ಮೊದಲು ಕೆಸರಿನಿಂದ ಶುರು ಮಾಡಿ. ಜೌಗಿನ ಪ್ರಾಣಿಯ ಮೈ ಹೇಗಿರಬೇಕು ಅಂತ ತೀರ್ಮಾನ ಮಾಡುವುದು ಕೆಸರೇ.

ಭೂಮಿಯಾಚೆ ಒದ್ದೆ ನೆಲ ಬರೀ ಕಲ್ಪನೆಯಲ್ಲ. 2005ರ ಜನವರಿ 14ರಂದು ಹೈಗನ್ಸ್ ನೌಕೆ ಶನಿಯ ಚಂದ್ರ ಟೈಟನ್ ಮೇಲೆ ಇಳಿಯಿತು. ಅದು ಕೂತ ನೆಲ ಒದ್ದೆ ಮರಳಿನ ಹಾಗೆ ಮೆತ್ತಗಿತ್ತು. ನೌಕೆಯ ಬಿಸಿ ತಾಗಿ ನೆಲದಿಂದ ಮೀಥೇನ್ ಆವಿ ಎದ್ದಿತು. ಆದರೆ ಅಲ್ಲಿನ ಚಳಿ ಸುಮಾರು ಮೈನಸ್ 179 ಡಿಗ್ರಿ ಸೆಲ್ಸಿಯಸ್. ನೀರು ಅಲ್ಲಿ ಕಲ್ಲಿನಷ್ಟು ಗಟ್ಟಿ. ನಿಮ್ಮ ಕಥೆಗೆ ಬೆಚ್ಚಗಿನ ಗ್ರಹ, ನೀರಿನ ಜೌಗು, ಆಮ್ಲಜನಕ ಇರುವ ಗಾಳಿ ಇಟ್ಟುಕೊಳ್ಳಿ. ಪ್ರಾಣಿಯನ್ನು ನಾನು ಸದ್ಯಕ್ಕೆ 'ಹುದುಲಿಗ' ಅಂತ ಕರೆಯುತ್ತೇನೆ. ಗಾತ್ರ ಒಂದು ಎಮ್ಮೆಯಷ್ಟು.

ಹುದುಲಿಗನ ಮೊದಲ ಕಷ್ಟ ಉಸಿರು. ಜೌಗಿನಲ್ಲಿ ನೀರು ನಿಂತಿರುತ್ತದೆ, ತಳದಲ್ಲಿ ಎಲೆ ಕಡ್ಡಿ ಕೊಳೆಯುತ್ತಿರುತ್ತವೆ. ಕೊಳೆಸುವ ಸೂಕ್ಷ್ಮಜೀವಿಗಳು ನೀರಿನ ಆಮ್ಲಜನಕವನ್ನು ಬಳಸಿ ಮುಗಿಸುತ್ತವೆ. ನೀರಿನಲ್ಲಿ ಅದು ಮೊದಲೇ ಕಮ್ಮಿ. ಭೂಮಿಯ ಒಂದು ಲೀಟರ್ ಗಾಳಿಯಲ್ಲಿ ಸುಮಾರು 210 ಮಿಲಿಲೀಟರ್ ಆಮ್ಲಜನಕ ಇದ್ದರೆ, 20 ಡಿಗ್ರಿಯ ಒಂದು ಲೀಟರ್ ಸಿಹಿನೀರಿನಲ್ಲಿ ಇರುವುದು ಆರೇಳು ಮಿಲಿಲೀಟರ್ ಮಾತ್ರ. ಆಫ್ರಿಕಾದ ಶ್ವಾಸಕೋಶದ ಮೀನು ಆಗಾಗ ಮೇಲೆ ಬಂದು ಗಾಳಿ ನುಂಗುವುದು ಇದಕ್ಕೇ. ಮೇಲೆ ಬರಲು ಬಿಡದಿದ್ದರೆ ಅದು ನೀರಿನಲ್ಲೇ ಉಸಿರುಗಟ್ಟಿ ಸಾಯುತ್ತದೆ. ಮೀನು ಕಣ್ರೀ ಅದು!

ನೀವು ಕೇಳಿದ ಲೋಳೆಗೆ ಇಲ್ಲಿ ಕೆಲಸ ಸಿಗುತ್ತದೆ. ಮಡ್‌ಸ್ಕಿಪ್ಪರ್ ಮೀನು ಕೆಸರಿನ ಮೇಲೆ ಓಡಾಡುವಾಗ ಒದ್ದೆ ಚರ್ಮದಿಂದಲೂ ಉಸಿರಾಡುತ್ತದೆ. ಚರ್ಮ ಒಣಗದ ಹಾಗೆ ಲೋಳೆ ಕಾಯಬಹುದು. ಆದರೆ ಮೈ ಬೆಳೆದ ಹಾಗೆ ಈ ಉಪಾಯ ಸಾಲದು. ಆಕಾರ ಹಾಗೇ ಇದ್ದು ಉದ್ದ ಎರಡು ಪಟ್ಟಾದರೆ ಚರ್ಮ ನಾಲ್ಕು ಪಟ್ಟಾಗುತ್ತದೆ, ತೂಕ ಎಂಟು ಪಟ್ಟಾಗುತ್ತದೆ. ಹಾಗಾಗಿ ಹುದುಲಿಗನ ಮರಿಗೆ ಲೋಳೆ ಮೈ ಕೊಡಿ. ದೊಡ್ಡದಕ್ಕೆ ಶ್ವಾಸಕೋಶ ಇರಲಿ, ಚರ್ಮ ದಪ್ಪಗಿರಲಿ. ತಾಯಿ ಮರಿ ನೋಡಲು ಒಂದೇ ಥರ ಇಲ್ಲದಿದ್ದರೆ ನಿಮ್ಮ ಕಥೆಗೂ ಒಳ್ಳೇದೇ ಅಲ್ವಾ?

ನನಗೆ ಎಲ್ಲಕ್ಕಿಂತ ಜಾಸ್ತಿ ಇಷ್ಟವಾಗುವುದು ಕಾಲಿನ ವಿಷಯ. ಗುರುತ್ವ ಕಮ್ಮಿ ಇರುವ ಗ್ರಹದಲ್ಲಿ ಪ್ರಾಣಿ ಸುಲಭವಾಗಿ ತೇಲುತ್ತದೆ ಅಂತ ತುಂಬ ಜನ ಬರೆಯುತ್ತಾರೆ. ಅದು ತಪ್ಪು. ಗುರುತ್ವ ಅರ್ಧವಾದರೆ ಪ್ರಾಣಿಯ ತೂಕವೂ ಅರ್ಧ, ಅದು ಪಕ್ಕಕ್ಕೆ ತಳ್ಳುವ ನೀರಿನ ತೂಕವೂ ಅರ್ಧ. ತೇಲುವ ಲೆಕ್ಕ ಬದಲಾಗುವುದೇ ಇಲ್ಲ. ಆದರೆ ಕೆಸರಿಗೆ ತನ್ನದೇ ಆದ ಒಂದಿಷ್ಟು ಗಟ್ಟಿತನ ಇರುತ್ತದೆ. ಮಣ್ಣಿನ ಕಣಗಳು ಒಂದಕ್ಕೊಂದು ಹಿಡಿದುಕೊಂಡಿರುವುದರಿಂದ ಬರುವ ಗಟ್ಟಿತನ ಅದು. ಗುರುತ್ವ ಇಳಿದರೂ ಆ ಹಿಡಿತ ಅಷ್ಟಾಗಿ ಇಳಿಯುವುದಿಲ್ಲ. ಹಾಗಾಗಿ ಅಲ್ಲಿ ಪ್ರಾಣಿ ನೀರಿನಲ್ಲಿ ಇಲ್ಲಿಯಷ್ಟೇ ಮುಳುಗುತ್ತದೆ, ಕೆಸರಿನಲ್ಲಿ ಮಾತ್ರ ಕಮ್ಮಿ ಹೂತುಕೊಳ್ಳುತ್ತದೆ.

ಇನ್ನು ಕಾಲು ಕೀಳುವುದು. ಮೊಣಕಾಲುದ್ದದ ಕೆಸರಿನಲ್ಲಿ ನಡೆದವರಿಗೆ ಗೊತ್ತು, ಇಡುವುದು ಸುಲಭ, ಎತ್ತುವುದೇ ಕಷ್ಟ. ಪಾದದ ಕೆಳಗೆ ಗಾಳಿ ನುಗ್ಗಲು ಜಾಗ ಇಲ್ಲ, ಕೆಸರು ಕೆಳಕ್ಕೆ ಎಳೆಯುತ್ತದೆ. ಕೊನೆಗೆ ಪಚಕ್ ಅಂತ ಸದ್ದಾದಾಗಲೇ ಕಾಲು ಬಿಡುಗಡೆ. ಎಮ್ಮೆಯ ಗೊರಸು ಸೀಳಿರುತ್ತದೆ ನೋಡಿ. ಭಾರ ಬಿದ್ದಾಗ ಎರಡು ಹೋಳೂ ಅಗಲವಾಗುತ್ತವೆ, ಎತ್ತುವಾಗ ಹತ್ತಿರ ಬರುತ್ತವೆ. ಪಾದ ಸಣ್ಣದಾಗಿ, ಪಕ್ಕದಲ್ಲಿ ಸಂದು ಬಿಟ್ಟು, ಹೊರಗೆ ಬರುತ್ತದೆ. ಹುದುಲಿಗನಿಗೆ ಕೊಡೆಯ ಹಾಗೆ ಬಿಚ್ಚಿ ಮಡಚುವ ಪಾದ ಕೊಡಿ. ಅಂಥ ಕಾಲು ಆರಿದ್ದರೆ ಸಾಕು. ಒಂದನ್ನು ಎತ್ತುವಾಗ ಐದು ಭಾರ ಹೊರುತ್ತವೆ. ಎಂಟೇ ಬೇಕು ಅಂದರೆ ಇರಲಿ, ಆದರೆ ಪ್ರತಿ ಕಾಲಿಗೂ ಕೆಲಸ ಇರಲಿ. ಬಾಲ ಮೂರು ಬೇಡ. ಎಳೆದುಕೊಂಡು ಹೋಗುವುದೇ ಹೊರೆ.

ಕಲಕಿದ ನೀರಿನಲ್ಲಿ ಕಣ್ಣಿಗೆ ಕೆಲಸ ಕಮ್ಮಿ. ಆಸ್ಟ್ರೇಲಿಯಾದ ಪ್ಲಾಟಿಪಸ್ ನೀರಿಗಿಳಿದಾಗ ಕಣ್ಣು, ಕಿವಿ, ಮೂಗು ಮೂರನ್ನೂ ಮುಚ್ಚಿಕೊಳ್ಳುತ್ತದೆ. ಬೇಟೆಯ ಸ್ನಾಯು ಅಲುಗಾಡಿದಾಗ ಹುಟ್ಟುವ ಸಣ್ಣ ವಿದ್ಯುತ್ತನ್ನು ಕೊಕ್ಕಿನಿಂದಲೇ ಹಿಡಿಯುತ್ತದೆ. ಹುದುಲಿಗನ ಗಲ್ಲದ ಕೆಳಗೆ ಅಂಥದ್ದೊಂದು ಮೆತ್ತನೆಯ ಪಟ್ಟಿ ಇಡಿ. ಕಣ್ಣು ಮತ್ತು ಮೂಗಿನ ಹೊಳ್ಳೆ ಮಾತ್ರ ಮೊಸಳೆಗೆ ಇರುವ ಹಾಗೆ ತಲೆಯ ಮೇಲ್ಭಾಗದಲ್ಲಿರಲಿ.

ಈಗ ನಿಮ್ಮ ನಾಯಕ ಜೌಗಿನ ದಡದಲ್ಲಿ ನಿಂತಿದ್ದಾನೆ ಅಂದುಕೊಳ್ಳಿ. ಅವನಿಗೆ ರಾಕ್ಷಸ ಕಾಣಬೇಕಿಲ್ಲ. ಎಲೆ ಕೊಳೆತು ಹುಟ್ಟಿದ ಮೀಥೇನ್ ಗುಳ್ಳೆಗಳು ಅಲ್ಲಲ್ಲಿ ಒಡೆಯುತ್ತಿರುತ್ತವೆ, ಜೌಗಿನಲ್ಲಿ ಅದು ಮಾಮೂಲಿ. ಅವುಗಳಲ್ಲಿ ಒಂದು ಸಾಲು ಮಾತ್ರ ಒಂದೇ ಅಂತರದಲ್ಲಿ, ಒಂದಾದ ಮೇಲೆ ಒಂದು, ದಡದ ಕಡೆ ಬರುತ್ತಿರಲಿ.