ಆದೇಶದಲ್ಲಿ ಬರೆಯದ ಕಾರಣ ಕೋರ್ಟಿನಲ್ಲಿ ನಡೆಯುತ್ತಾ? ಆಡಳಿತ ಕಾನೂನು ಟಿಪ್ಪಣಿ

ಮೊದಲು ಇದೊಂದು ಗಟ್ಟಿ ಮಾಡಿಕೊಳ್ಳಿ. ಸಂವಿಧಾನದ 226ನೇ ವಿಧಿಯಡಿ ರಿಟ್ (ಸರ್ಕಾರಿ ಆದೇಶವನ್ನು ನೇರವಾಗಿ ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ಹಾಕಿದರೆ ಹೈಕೋರ್ಟ್ ಅದನ್ನು ಮೇಲ್ಮನವಿಯಂತೆ ಕೇಳುವುದಿಲ್ಲ. ಅಧಿಕಾರಿಯ ತೀರ್ಮಾನ ಸರಿಯೋ ತಪ್ಪೋ ಅನ್ನುವುದಕ್ಕಿಂತ, ಆ ತೀರ್ಮಾನಕ್ಕೆ ಅವರು ಹೇಗೆ ಬಂದರು ಅನ್ನುವುದನ್ನೇ ನೋಡುತ್ತದೆ. ಸುಪ್ರೀಂ ಕೋರ್ಟಿನ 1994ರ ಟಾಟಾ ಸೆಲ್ಯುಲರ್ ತೀರ್ಪಿನ ತಿರುಳೂ ಇದೇ.

ಆಳಂದ ತಾಲ್ಲೂಕಿನ ಯಾವುದೋ ಹಳ್ಳಿಯಲ್ಲಿ ಒಂದು ನ್ಯಾಯಬೆಲೆ ಅಂಗಡಿ ಇದೆ ಅಂತ ಇಟ್ಟುಕೊಳ್ಳಿ. ಅಂಗಡಿಯವರ ಕೈಗೆ ಒಂದು ಆದೇಶ ಬರುತ್ತದೆ: "ಸಾರ್ವಜನಿಕರಿಂದ ದೂರು ಬಂದಿರುವ ಹಿನ್ನೆಲೆಯಲ್ಲಿ ಪರವಾನಗಿ ರದ್ದುಪಡಿಸಿ ಆದೇಶಿಸಿದೆ." ಅಷ್ಟೇ. ಯಾರ ದೂರು, ಏನಂತ ದೂರು, ಒಂದೂ ಇಲ್ಲ. ಯಾಕೆ ಕ್ರಮ ತೆಗೆದುಕೊಳ್ಳಬಾರದು ಅಂತ ಕೇಳುವ ಶೋಕಾಸ್ ನೋಟಿಸ್ ಕೂಡ ಕೊಟ್ಟಿಲ್ಲ.

ಅವರು ಹೈಕೋರ್ಟಿನ ಕಲಬುರಗಿ ಪೀಠಕ್ಕೆ ಬರುತ್ತಾರೆ. 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆದ ಪೀಠ ಇದು. ಅದಕ್ಕೂ ಮುಂಚೆ ಇಂಥ ಒಂದು ಸಾಲಿನ ಆದೇಶ ಪ್ರಶ್ನಿಸಲು ಬೀದರಿನವರೂ ಬೆಂಗಳೂರಿಗೇ ಹೋಗಬೇಕಿತ್ತು. ಎಷ್ಟು ಜನ ಸುಮ್ನೆ ಬಿಟ್ಟುಬಿಟ್ಟಿರಬಹುದು, ಯೋಚನೆ ಮಾಡಿ.

ಈಗ ಸರ್ಕಾರದ ಕಡೆಯಿಂದ ಆಕ್ಷೇಪಣೆ ಬರುತ್ತದೆ. ತಪಾಸಣೆ ವೇಳೆ ಅಕ್ಕಿ ದಾಸ್ತಾನು ರಿಜಿಸ್ಟರಿಗಿಂತ ಕಡಿಮೆ ಇತ್ತು, ಅದಕ್ಕೇ ರದ್ದು ಮಾಡಿದೆವು ಅಂತ. ಒಳ್ಳೆ ಕಾರಣವೇ, ನಿಜವೂ ಇರಬಹುದು. ಆದರೆ ಆದೇಶದಲ್ಲಿ ಇಲ್ವಲ್ಲ!

ಇಲ್ಲೇ ಸುಪ್ರೀಂ ಕೋರ್ಟಿನ ಮೊಹಿಂದರ್ ಸಿಂಗ್ ಗಿಲ್ (1978) ತೀರ್ಪು ಬೇಕಾಗುವುದು. ಆದೇಶ ನಿಲ್ಲುವುದಾದರೆ ಅದರಲ್ಲೇ ಬರೆದ ಕಾರಣಗಳ ಮೇಲೆ ನಿಲ್ಲಬೇಕು, ಆಮೇಲೆ ಅಫಿಡವಿಟ್‌ನಲ್ಲಿ ಹೊಸ ಕಾರಣ ತುಂಬುವಂತಿಲ್ಲ ಅಂತ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಬರೆದರು. ಆ ಕೇಸಿನಲ್ಲಿ ಅರ್ಜಿದಾರರಿಗೆ ಗೆಲುವು ಸಿಗಲಿಲ್ಲ ಅನ್ನುವುದನ್ನು ತುಂಬಾ ಜನ ಮರೆಯುತ್ತಾರೆ. 1977ರ ಲೋಕಸಭಾ ಚುನಾವಣೆಯ ಮರುಮತದಾನದ ವಿಷಯ ಅದು, ಚುನಾವಣೆಯನ್ನು ಚುನಾವಣಾ ತಕರಾರು ಅರ್ಜಿಯಲ್ಲೇ ಪ್ರಶ್ನಿಸಬೇಕು ಅನ್ನುವ 329ನೇ ವಿಧಿ ಅಡ್ಡ ಬಂತು.

ಈ ಮಾತಿನ ಮೂಲ ಇನ್ನೂ ಹಿಂದಿನದು: ಗೋರ್ಧನ್‌ದಾಸ್ ಭಾನ್‌ಜಿ ಕೇಸು. ನನಗೆ ಜಾಸ್ತಿ ಇಷ್ಟವಾದದ್ದು ಇದೇ. ಬಾಂಬೆಯ ಅಂಧೇರಿಯಲ್ಲಿ ಸಿನಿಮಾ ಥಿಯೇಟರ್ ಕಟ್ಟಲು ಪೊಲೀಸ್ ಕಮಿಷನರ್ 1947ರಲ್ಲಿ ಅನುಮತಿ ಕೊಟ್ಟು, ಅದೇ ವರ್ಷ ರದ್ದು ಮಾಡಿದರು. ರದ್ದತಿ ಪತ್ರದಲ್ಲಿ ಅನುಮತಿ ರದ್ದಾಗಿದೆ ಎಂದು ನಿಮಗೆ ತಿಳಿಸಲು ಸರ್ಕಾರ ನನಗೆ ನಿರ್ದೇಶಿಸಿದೆ ಅಂತ ಬರೆದಿತ್ತು. ಅಧಿಕಾರ ಇದ್ದದ್ದು ಕಮಿಷನರಿಗೆ, ತೀರ್ಮಾನ ಮಾಡಿದ್ದು ಸರ್ಕಾರ! ನನ್ನ ಮನಸ್ಸಿನಲ್ಲಿ ಹೀಗಿತ್ತು ಅಂತ ಅಧಿಕಾರಿ ಆಮೇಲೆ ಕೊಡುವ ವಿವರಣೆ ನೋಡಿ ಆದೇಶಕ್ಕೆ ಅರ್ಥ ಕಟ್ಟಲಾಗದು, ಅದರಲ್ಲಿರುವ ಮಾತಿನಿಂದಲೇ ಓದಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿತು. ಮೇಲಿನವರು ಹೇಳಿದ್ದಕ್ಕೆ ಸಹಿ ಹಾಕುವ ಅಧಿಕಾರಿ ತನ್ನ ವಿವೇಚನೆ ಬಳಸಿದಂತಾಗುವುದಿಲ್ಲ ಅನ್ನುವುದಕ್ಕೂ ಇದೇ ಕೇಸು ಬರೆಯಬಹುದು.

ಆದರೆ ಗಿಲ್ ನಿಯಮ ಕಲ್ಲಿನ ಗೆರೆಯಲ್ಲ. ದೊಡ್ಡ ಸಾರ್ವಜನಿಕ ಹಿತ ಇರುವಾಗ ಆಮೇಲೆ ಸಿಕ್ಕ ದಾಖಲೆಯನ್ನೂ ನೋಡಬಹುದು ಅಂತ 2010ರ ರೈಲ್ವೆ ನೇಮಕಾತಿ ಮಂಡಳಿ ಕೇಸಿನಲ್ಲಿ ಬಂದಿದೆ.

ನೋಟಿಸ್ ಕೊಡದಿದ್ದದ್ದು ಬೇರೆಯೇ ದೋಷ, ಸಹಜ ನ್ಯಾಯದ (ಅಹವಾಲು ಕೇಳದೆ ಯಾರ ವಿರುದ್ಧವೂ ತೀರ್ಮಾನಿಸಬಾರದು ಅನ್ನುವ ತತ್ವದ) ಉಲ್ಲಂಘನೆ. ಇದಕ್ಕೆ ಆಧಾರವಾಗಿ ಮನೇಕಾ ಗಾಂಧಿ (1978) ಕೇಸು ಬರೆಯಿರಿ. ಮೇಲ್ಮನವಿಗೆ ಹೋಗದೆ ನೇರ ರಿಟ್ ಹಾಕಿದ್ದೇಕೆ ಅಂತ ಸರ್ಕಾರಿ ವಕೀಲರು ಕೇಳಿಯೇ ಕೇಳುತ್ತಾರೆ. ಸಹಜ ನ್ಯಾಯ ಮುರಿದಾಗ, ಮೇಲ್ಮನವಿಯ ದಾರಿ ಇತ್ತು ಅನ್ನುವುದೊಂದೇ ರಿಟ್‌ಗೆ ಅಡ್ಡಿಯಾಗದು ಅನ್ನುವುದಕ್ಕೆ ವರ್ಲ್‌ಪೂಲ್ (1998) ತೀರ್ಪು ಇದೆ.

ಅಂಗಡಿಯವರು ಗೆದ್ದರೂ ಕೋರ್ಟ್ ಸಾಮಾನ್ಯವಾಗಿ ಆದೇಶ ರದ್ದು ಮಾಡಿ ವಿಷಯವನ್ನು ಅಧಿಕಾರಿಗೇ ವಾಪಸ್ ಕಳಿಸುತ್ತದೆ. ಆ ಅಕ್ಕಿಯ ವಿಚಾರಕ್ಕೆ ಹೊಸದಾಗಿ ನೋಟಿಸ್ ಕೊಟ್ಟು, ಉತ್ತರ ಕೇಳಿ, ಕಾರಣ ಬರೆದು ಮತ್ತೆ ರದ್ದು ಮಾಡಲು ಅವರಿಗೆ ದಾರಿ ಇದ್ದೇ ಇರುತ್ತದೆ.