ಅಸಂಗತ ಅಂದರೆ ತಲೆಬುಡ ಇಲ್ಲದ್ದು ಅಲ್ಲ

ಸಿನಿಮಾದಲ್ಲಿ ಒಬ್ಬ ಜಾರಿ ಬಿದ್ದರೂ ಸಾಕು, ವಿಮರ್ಶೆಯಲ್ಲಿ ‘ಅಸಂಗತ ಹಾಸ್ಯ’ ಎಂದು ಬರೆದುಬಿಡುತ್ತಾರೆ. ಮೊನ್ನೆ ಬಾಯಿಗೆ ಬಂದದ್ದು ಒದರಿದ ಒಂದು ರೀಲ್ಸಿಗೂ ಅದೇ ಹಣೆಪಟ್ಟಿ ಹಚ್ಚಿದ್ದರು. ಇದು ಜಾಸ್ತಿ ಆಯಿತು.

‘ಅಸಂಗತ’ಕ್ಕೆ ಇಂಗ್ಲಿಷಿನಲ್ಲಿರುವ ‘ಅಬ್ಸರ್ಡ್’ ಪದದ ಬೇರು ಸಂಗೀತದಲ್ಲಿದೆ. ಲ್ಯಾಟಿನ್ನಿನ ‘ಅಬ್ಸುರ್ದುಸ್’ ಅಂದರೆ ಅಪಸ್ವರ, ಕಿವಿಗೆ ಒಗ್ಗದ್ದು. ಒಳಗಿರುವ ‘ಸುರ್ದುಸ್’ಗೆ ಕಿವುಡು, ಮಂಕು ದನಿ ಎಂಬ ಅರ್ಥ. ಬುದ್ಧಿಗೆ ಒಗ್ಗದ್ದು ಎಂಬ ಅರ್ಥವೂ ಲ್ಯಾಟಿನ್ನಿನಲ್ಲೇ ಸೇರಿಕೊಂಡಿತು. ನಮ್ಮ ನಾಟಕದವರು ಆರಿಸಿಕೊಂಡ ‘ಅಸಂಗತ’ದಲ್ಲಿ ‘ಸಂಗತ’ ಇದೆ, ಅಂದರೆ ಹೊಂದಿಕೊಂಡದ್ದು. ಶ್ರುತಿ ಇದ್ದರೆ ತಾನೆ ಅಪಸ್ವರ? ಶ್ರುತಿಯೇ ಇಲ್ಲದ ಕಡೆ ಕೂಗಿದರೆ ಅದು ಬರೀ ಗಲಾಟೆ.

ಮ್ಯೂನಿಕ್‌ನ ಕಾರ್ಲ್ ಫಾಲೆಂಟಿನ್ ಮತ್ತು ಲೀಸಲ್ ಕಾರ್ಲ್‌ಸ್ಟಾಟ್ ಎಂಬ ಜರ್ಮನ್ ಹಾಸ್ಯನಟ-ನಟಿಯ ಜೋಡಿಯನ್ನು ನೋಡಿದರೆ ಇದು ಸ್ಪಷ್ಟವಾಗುತ್ತದೆ. (‘ವ್ಯಾಲೆಂಟಿನ್’ ಅನ್ನಬೇಡಿ. ‘ಫ’ಕಾರವೇ ಬೇಕು ಎಂದು ಆತ ಹಟ ಹಿಡಿಯುತ್ತಿದ್ದ.) 1907ರಲ್ಲಿ ಆತ ತಾನೇ ಕಟ್ಟಿದ, ಹತ್ತಾರು ವಾದ್ಯಗಳ ಒಂದು ಯಂತ್ರ ಹೊತ್ತು ಊರೂರು ತಿರುಗಿದ. ಯಾರಿಗೂ ಹಿಡಿಸಲಿಲ್ಲ. ಯಂತ್ರವನ್ನು ಒಡೆದುಹಾಕಿದ. 1911ರಲ್ಲಿ ಕಾರ್ಲ್‌ಸ್ಟಾಟ್ ಸಿಕ್ಕಳು. ಅಲ್ಲಿಂದ ಎರಡು ದಶಕಕ್ಕೂ ಹೆಚ್ಚು ಕಾಲ ಇಬ್ಬರದೂ ಒಂದೇ ವೇದಿಕೆ. ಮುಂದೆ ದೊಡ್ಡ ನಾಟಕಕಾರನಾದ ಬ್ರೆಕ್ಟ್ ಯುವಕನಾಗಿದ್ದಾಗ ಅವರ ಜೊತೆ ಕ್ಲಾರಿನೆಟ್ ಹಿಡಿದು ನಿಂತ ಫೋಟೋ ಇದೆ.

ಅವರ ವಾದ್ಯಗೋಷ್ಠಿ ತಾಲೀಮಿನ ಪ್ರಹಸನದಲ್ಲಿ ಕಾರ್ಲ್‌ಸ್ಟಾಟ್ ಗಡ್ಡ ಅಂಟಿಸಿಕೊಂಡ ಸಂಗೀತ ನಿರ್ದೇಶಕ, ಫಾಲೆಂಟಿನ್ ವಾದಕ. ಅವನ ಕನ್ನಡಕದಲ್ಲಿ ಗಾಜೇ ಇಲ್ಲ. ಕೇಳಿದರೆ, ಅದು ತನಗೆ ಗೊತ್ತು, ಏನೂ ಇಲ್ಲದ್ದಕ್ಕಿಂತ ಇದು ವಾಸಿ ಅಲ್ವಾ ಅನ್ನುತ್ತಾನೆ. ಇನ್ನೊಂದು ಕಡೆ, ಸೈಕಲ್ ಸವಾರನ ಬಗ್ಗೆ ಮಾತಾಡುತ್ತಿದ್ದಾಗಲೇ ಒಬ್ಬ ಸವಾರ ಬಂದ, ಎಂಥ ಕಾಕತಾಳೀಯ ಎಂದು ಬೆರಗಾಗುತ್ತಾನೆ. ಆ ರಸ್ತೆಯಲ್ಲಿ ಸೈಕಲ್ ಬರುತ್ತಲೇ ಇರುತ್ತವಲ್ಲ ಎಂದು ನಿರ್ದೇಶಕ ಹೇಳಿದರೂ ಪಟ್ಟು ಬಿಡುವುದಿಲ್ಲ. ಇಲ್ಲಿ ತರ್ಕ ತಪ್ಪಿಲ್ಲ. ತರ್ಕವನ್ನು ಅತಿ ನಿಷ್ಠೆಯಿಂದ ಹಿಡಿದುಕೊಂಡದ್ದೇ ಎಡವಟ್ಟು. ಮ್ಯೂನಿಕ್‌ನಲ್ಲಿರುವ ಅವರ ಮ್ಯೂಸಿಯಮ್ಮಿನ ನಿಯಮವೂ ಹಾಗೆಯೇ: 99 ವರ್ಷದವರು ಅಪ್ಪ ಅಮ್ಮನ ಜೊತೆ ಬಂದರೆ ಪ್ರವೇಶ ಉಚಿತ. ಮಕ್ಕಳ ರಿಯಾಯಿತಿ ನಿಯಮದಲ್ಲಿ ವಯಸ್ಸೊಂದೇ ಬದಲಾಗಿದೆ.

ಮುಂದೆ ಅಸಂಗತ ನಾಟಕಗಳಿಗೆ ಹೆಸರಾದ ಬೆಕೆಟ್ 1937ರಲ್ಲಿ ಮ್ಯೂನಿಕ್‌ನಲ್ಲಿ ಫಾಲೆಂಟಿನ್‌ನನ್ನು ನೋಡಿದ್ದ. ಅಂಥ ನಾಟಕಗಳಿಗೆ ‘ಅಸಂಗತ ರಂಗಭೂಮಿ’ ಎಂಬ ಹೆಸರು ವಿಮರ್ಶಕ ಮಾರ್ಟಿನ್ ಎಸ್ಲಿನ್‌ನಿಂದ ಹಬ್ಬಿದ್ದು ಆಮೇಲೆ, 1960ರ ದಶಕದಲ್ಲಿ.

ಇದನ್ನೆಲ್ಲ ‘ಫಾಲೆಂಟಿನ್ ಹಾಸ್ಯ’ ಅನ್ನುವವರ ಮೇಲೂ ನನ್ನ ತಕರಾರಿದೆ. ಸರಿಯಾಗಿ ಯೋಚಿಸುವವರೊಬ್ಬರು ಎದುರು ನಿಲ್ಲದಿದ್ದರೆ ಆ ಪಟ್ಟು ಯಾರಿಗೂ ಕಾಣಿಸುತ್ತಿರಲಿಲ್ಲ. ಎಷ್ಟೋ ಪ್ರಹಸನಗಳನ್ನು ಕಾರ್ಲ್‌ಸ್ಟಾಟ್ ಅವನ ಜೊತೆ ಕೂತು ಬೆಳೆಸಿದಳು. 1948ರಲ್ಲಿ ಆತ ತೀರಿಕೊಂಡ ಮೇಲೂ ರೇಡಿಯೋದಲ್ಲಿ ದುಡಿದಳು. ಆ ಮ್ಯೂಸಿಯಮ್ಮಿಗೆ ಮೊದಲು ಅವನೊಬ್ಬನ ಹೆಸರಿತ್ತು. ಈಗ ಇಬ್ಬರದೂ ಇದೆ.