1912ರಲ್ಲಿ ಮತ ಒಡೆಯದೇ ಇದ್ದಿದ್ದರೆ ವಿಲ್ಸನ್ ಸೋಲುತ್ತಿದ್ದರಾ?

ಪ್ರಶ್ನೆ: 1912ರ ಅಮೆರಿಕ ಅಧ್ಯಕ್ಷ ಚುನಾವಣೆಯಲ್ಲಿ ವುಡ್ರೋ ವಿಲ್ಸನ್ ಅವರಿಗೆ ಅರ್ಧದಷ್ಟು ಮತವೂ ಬಂದಿರಲಿಲ್ಲವಂತೆ. ಮಾಜಿ ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ತಮ್ಮ ರಿಪಬ್ಲಿಕನ್ ಪಕ್ಷ ಬಿಟ್ಟು ನಿಂತು ಮತ ಒಡೆದದ್ದರಿಂದಲೇ ಅವರು ಗೆದ್ದರು ಅಂತಾರೆ. ಇದು ಎಷ್ಟು ನಿಜ?

ಉತ್ತರ: ಮತ ಒಡೆದದ್ದು ನಿಜ. ಅದರಿಂದ ವಿಲ್ಸನ್ ಅವರಿಗೆ ದೊಡ್ಡ ಲಾಭವಾದದ್ದೂ ನಿಜ. ಆದರೆ ರೂಸ್‌ವೆಲ್ಟ್ ಸುಮ್ನೆ ಮನೆಯಲ್ಲಿ ಕೂತಿದ್ದರೆ ಆಗ ಅಧ್ಯಕ್ಷರಾಗಿದ್ದ ವಿಲಿಯಂ ಹೊವಾರ್ಡ್ ಟಾಫ್ಟ್ ಮತ್ತೆ ಗೆದ್ದುಬಿಡುತ್ತಿದ್ದರು ಅನ್ನುವ ಮಾತನ್ನು ನಾನು ಒಪ್ಪುವುದಿಲ್ಲ.

ಮೊದಲು ಲೆಕ್ಕ ನೋಡೋಣ. ಡೆಮಾಕ್ರಟಿಕ್ ಪಕ್ಷದ ವಿಲ್ಸನ್ ಅವರಿಗೆ ಸುಮಾರು 63 ಲಕ್ಷ ಮತ ಬಂತು. ಅಂದರೆ ಶೇ. 42ಕ್ಕಿಂತ ಸ್ವಲ್ಪ ಕಡಿಮೆ. ರೂಸ್‌ವೆಲ್ಟ್ ಅವರಿಗೆ 41 ಲಕ್ಷ, ರಿಪಬ್ಲಿಕನ್ ಪಕ್ಷದ ಟಾಫ್ಟ್ ಅವರಿಗೆ 35 ಲಕ್ಷ. ಸಮಾಜವಾದಿ ಪಕ್ಷದ ಯೂಜೀನ್ ಡೆಬ್ಸ್ ಅವರಿಗೆ 9 ಲಕ್ಷ. ರೂಸ್‌ವೆಲ್ಟ್ ಮತ್ತು ಟಾಫ್ಟ್ ಮತ ಕೂಡಿಸಿದರೆ 76 ಲಕ್ಷ. ನಾಲ್ಕು ವರ್ಷದ ಹಿಂದೆ, 1908ರಲ್ಲಿ, ಟಾಫ್ಟ್ ಒಬ್ಬರಿಗೇ ಹೆಚ್ಚುಕಡಿಮೆ ಇಷ್ಟೇ ಮತ ಬಿದ್ದಿತ್ತು. ಆಗ ಅವರ ಎದುರು ಸೋತಿದ್ದ ವಿಲಿಯಂ ಜೆನ್ನಿಂಗ್ಸ್ ಬ್ರಯಾನ್ ಅವರಿಗೆ 64 ಲಕ್ಷ ಸಿಕ್ಕಿತ್ತು. ಅಂದರೆ 1908ರಲ್ಲಿ ಸೋತ ಡೆಮಾಕ್ರಟಿಕ್ ಅಭ್ಯರ್ಥಿಗಿಂತ 1912ರಲ್ಲಿ ಗೆದ್ದ ಡೆಮಾಕ್ರಟಿಕ್ ಅಭ್ಯರ್ಥಿಗೆ ಬಂದ ಮತವೇ ಕಡಿಮೆ!

ಇಷ್ಟಾದರೂ ಗೆಲುವು ಅಷ್ಟು ದೊಡ್ಡದಾಗಿ ಕಂಡದ್ದು ಅಲ್ಲಿನ ಪದ್ಧತಿಯಿಂದ. ಅಲ್ಲಿ ಜನ ಅಧ್ಯಕ್ಷರನ್ನು ನೇರವಾಗಿ ಆರಿಸುವುದಿಲ್ಲ. ಪ್ರತಿ ರಾಜ್ಯಕ್ಕೂ ಇಷ್ಟು ಅಂತ, ಅಧ್ಯಕ್ಷರಿಗೆ ಮತ ಹಾಕುವ ಎಲೆಕ್ಟರ್‌ಗಳಿರುತ್ತಾರೆ. ರಾಜ್ಯದಲ್ಲಿ ಮುಂದಿರುವವರಿಗೆ ಸಾಮಾನ್ಯವಾಗಿ ಆ ಎಲ್ಲರೂ ಸಿಗುತ್ತಾರೆ. ನಮ್ಮ ಕ್ಷೇತ್ರಗಳಲ್ಲಿ ಆಗುವ ಹಾಗೆಯೇ, ಅರ್ಧ ದಾಟಬೇಕಿಲ್ಲ, ಉಳಿದವರಿಗಿಂತ ಒಂದು ಮತ ಜಾಸ್ತಿ ಬಂದರೂ ಸಾಕು. ನ್ಯೂಯಾರ್ಕ್ ರಾಜ್ಯವನ್ನೇ ತಗೊಳ್ಳಿ. ವಿಲ್ಸನ್‌ಗೆ ಸುಮಾರು 6.55 ಲಕ್ಷ, ಟಾಫ್ಟ್‌ಗೆ 4.55 ಲಕ್ಷ, ರೂಸ್‌ವೆಲ್ಟ್‌ಗೆ 3.90 ಲಕ್ಷ. ಎದುರಾಳಿಗಳಿಬ್ಬರದ್ದು ಸೇರಿದರೆ ವಿಲ್ಸನ್ ತುಂಬಾ ಹಿಂದೆ. ಆದರೆ ಅಲ್ಲಿದ್ದ 45 ಎಲೆಕ್ಟರ್‌ಗಳೂ ವಿಲ್ಸನ್ ಪಾಲಾದರು. ಇದೇ ಕಥೆ ರಾಜ್ಯದಿಂದ ರಾಜ್ಯಕ್ಕೆ ನಡೆಯಿತು. ಕೊನೆಗೆ 531 ಎಲೆಕ್ಟರ್‌ಗಳಲ್ಲಿ ವಿಲ್ಸನ್‌ಗೆ 435, ರೂಸ್‌ವೆಲ್ಟ್‌ಗೆ 88. ಅಧಿಕಾರದಲ್ಲಿದ್ದ ಟಾಫ್ಟ್‌ಗೆ ಬರೀ 8. ಯೂಟಾ ಮತ್ತು ವರ್ಮಾಂಟ್, ಅವರು ಗೆದ್ದದ್ದು ಈ ಎರಡೇ ರಾಜ್ಯ.

ವಿಲ್ಸನ್ ಗೆದ್ದ 40 ರಾಜ್ಯಗಳ ಪೈಕಿ ಅವರಿಗೆ ಅರ್ಧಕ್ಕಿಂತ ಜಾಸ್ತಿ ಮತ ಬಂದದ್ದು ಹನ್ನೊಂದರಲ್ಲಿ ಮಾತ್ರ. ಆ ಹನ್ನೊಂದೂ ಹಿಂದೆ ಅಂತರ್ಯುದ್ಧದಲ್ಲಿ ಗುಲಾಮಗಿರಿಯ ಪರ ನಿಂತಿದ್ದ ದಕ್ಷಿಣದ ರಾಜ್ಯಗಳು. ಅಲ್ಲಿ ಕಪ್ಪು ಜನರನ್ನು ಮತದಾನಕ್ಕೆ ತೆರಿಗೆ, ಓದುಬರಹದ ಪರೀಕ್ಷೆ ಅಂತೆಲ್ಲ ಕಾನೂನು ಮಾಡಿ ಮತಪೆಟ್ಟಿಗೆಯಿಂದ ದೂರ ಇಟ್ಟಿದ್ದರು. ದಕ್ಷಿಣ ಕ್ಯಾರೊಲಿನಾದಲ್ಲಿ 15 ಲಕ್ಷ ಜನರಿದ್ದರು. ಆ ಚುನಾವಣೆಯಲ್ಲಿ ಬಿದ್ದ ಒಟ್ಟು ಮತ ಸುಮಾರು 50,000! ಯಾರ ಮತ ಒಡೆಯಿತು ಅಂತ ನೂರು ವರ್ಷದಿಂದ ಲೆಕ್ಕ ಹಾಕುತ್ತಲೇ ಇದ್ದೇವೆ. ಬೀಳಲು ಬಿಡದೇ ಹೋದ ಈ ಲಕ್ಷಗಟ್ಟಲೆ ಮತದ ಲೆಕ್ಕವನ್ನೂ ಅದರ ಜೊತೆಗೇ ಇಡಬೇಕು.

ಈಗ ಜಗಳದ ವಿಷಯ. ರೂಸ್‌ವೆಲ್ಟ್ ಮತ್ತು ಟಾಫ್ಟ್ ಒಂದು ಕಾಲದ ಜೀವದ ಗೆಳೆಯರು. 1901ರಲ್ಲಿ ಅಧ್ಯಕ್ಷ ಮೆಕಿನ್ಲಿ ಅವರ ಕೊಲೆಯಾದಾಗ ಉಪಾಧ್ಯಕ್ಷರಾಗಿದ್ದ ರೂಸ್‌ವೆಲ್ಟ್ 42ನೇ ವಯಸ್ಸಿಗೇ ಅಧ್ಯಕ್ಷರಾದರು. 1904ರಲ್ಲಿ ಗೆದ್ದ ರಾತ್ರಿಯೇ ಇನ್ನು ಮುಂದೆ ನಿಲ್ಲುವುದಿಲ್ಲ ಅಂತ ಮಾತು ಕೊಟ್ಟುಬಿಟ್ಟರು. 1908ರಲ್ಲಿ ಟಾಫ್ಟ್ ಅವರನ್ನು ತಾವೇ ಮುಂದೆ ತಂದು ನಿಲ್ಲಿಸಿ, ಗೆಲ್ಲಿಸಿ, ಆಫ್ರಿಕಾಕ್ಕೆ ಬೇಟೆಗೆ ಹೊರಟರು. ಅವರು ವಾಪಸ್ ಬರುವ ಹೊತ್ತಿಗೆ ಪಕ್ಷದೊಳಗೆ ಸುಧಾರಣೆ ಬೇಕೆನ್ನುವವರು ಟಾಫ್ಟ್ ಮೇಲೆ ಸಿಟ್ಟಾಗಿದ್ದರು. ಆಮದು ಸುಂಕ ಇಳಿಸುತ್ತೇವೆಂದು ಹೇಳಿ ತಂದ ಕಾಯ್ದೆ ಯಾರಿಗೂ ಸಮಾಧಾನ ತಂದಿರಲಿಲ್ಲ. ಕಾಡು ಉಳಿಸುವ ಕೆಲಸದಲ್ಲಿ ರೂಸ್‌ವೆಲ್ಟ್ ಅವರ ಬಲಗೈಯಾಗಿದ್ದ ಗಿಫರ್ಡ್ ಪಿಂಚಾಟ್ ಅವರನ್ನು ಟಾಫ್ಟ್ ಕೆಲಸದಿಂದ ತೆಗೆದಿದ್ದರು. 1911ರಲ್ಲಿ ಟಾಫ್ಟ್ ಸರ್ಕಾರ ಯುಎಸ್ ಸ್ಟೀಲ್ ಕಂಪನಿಯ ಮೇಲೆ ಕೇಸು ಹಾಕಿತು. ರೂಸ್‌ವೆಲ್ಟ್ ಅಧ್ಯಕ್ಷರಾಗಿದ್ದಾಗ ಒಪ್ಪಿಗೆ ಕೊಟ್ಟಿದ್ದ ಒಂದು ಖರೀದಿಯನ್ನೂ ಅದರಲ್ಲಿ ಎತ್ತಲಾಗಿತ್ತು. ಇದು ಅವರಿಗೆ ನೇರವಾಗಿ ಮುಖಕ್ಕೆ ಹೊಡೆದ ಹಾಗಾಯಿತು.

ಟಾಫ್ಟ್ ಅವರ ಕಡೆಯಿಂದಲೂ ನೋಡಬೇಕು ಅಲ್ವಾ? ಅವರು ಮೂಲತಃ ನ್ಯಾಯಾಧೀಶರು. ಮುಂದೆ ಸುಪ್ರೀಂ ಕೋರ್ಟಿನ ಮುಖ್ಯ ನ್ಯಾಯಮೂರ್ತಿಯೂ ಆದರು. 1912ರ ಫೆಬ್ರವರಿಯಲ್ಲಿ ರೂಸ್‌ವೆಲ್ಟ್ ಒಂದು ಹೊಸ ವಾದ ಹೂಡಿದರು. ರಾಜ್ಯದ ಕೋರ್ಟು ಜನರಿಗೆ ಬೇಕಾದ ಕಾನೂನನ್ನು ಸಂವಿಧಾನದ ಹೆಸರಲ್ಲಿ ಹೊಡೆದುಹಾಕಿದರೆ, ಜನ ಮತ ಹಾಕಿ ಆ ತೀರ್ಪನ್ನು ಬದಲಿಸುವಂತಿರಬೇಕು ಅಂದರು. ಟಾಫ್ಟ್ ಬೆಚ್ಚಿಬಿದ್ದರು. ತಾವು ಗೆಲ್ಲುವುದು ಕಷ್ಟ ಅಂತ ಅವರಿಗೆ ಗೊತ್ತಿತ್ತು. ಆದರೂ ಪಕ್ಷ ರೂಸ್‌ವೆಲ್ಟ್ ಕೈಗೆ ಹೋಗಬಾರದು ಅಂತ ಹಟ ಹಿಡಿದರು. ಏಪ್ರಿಲ್‌ನಲ್ಲಿ ಅವರು ಬಾಸ್ಟನ್‌ನಲ್ಲಿ ಹಳೇ ಗೆಳೆಯನ ವಿರುದ್ಧ ಗಟ್ಟಿ ಭಾಷಣ ಮಾಡಿದರು. ಆಮೇಲೆ ರೈಲು ಬೋಗಿಯಲ್ಲಿ ಪತ್ರಕರ್ತರೊಬ್ಬರು ಅವರನ್ನು ನೋಡಿದಾಗ ತಲೆ ಕೈಯಲ್ಲಿ ಹಿಡಿದು ಕೂತಿದ್ದರು. "ರೂಸ್‌ವೆಲ್ಟ್ ನನ್ನ ಅತ್ಯಂತ ಆಪ್ತ ಗೆಳೆಯನಾಗಿದ್ದ" ಅಂತ ಹೇಳಿ ಅತ್ತುಬಿಟ್ಟರು.

ಇನ್ನು ಜೂನ್ ತಿಂಗಳಿಗೆ ಬರೋಣ. ನನ್ನ ಪ್ರಕಾರ ಮತ ಒಡೆದದ್ದು ನವೆಂಬರ್‌ನಲ್ಲಿ ಮತಪೆಟ್ಟಿಗೆಯಲ್ಲಲ್ಲ, ಜೂನ್‌ನಲ್ಲಿ, ಅಭ್ಯರ್ಥಿಯನ್ನು ಆರಿಸಲು ರಿಪಬ್ಲಿಕನ್ ಪಕ್ಷದ ಪ್ರತಿನಿಧಿಗಳ ಸಮಾವೇಶ ನಡೆದ ಷಿಕಾಗೋದ ಕಾಲೊಸಿಯಂ ಸಭಾಂಗಣದಲ್ಲಿ. ಅಭ್ಯರ್ಥಿ ಯಾರಾಗಬೇಕು ಅಂತ ಪಕ್ಷದ ಸಾಮಾನ್ಯ ಬೆಂಬಲಿಗರೇ ಮತ ಹಾಕುವ ಪ್ರೈಮರಿ ಪದ್ಧತಿ ಆಗ ಹೊಸದು. ಹನ್ನೆರಡರಷ್ಟು ರಾಜ್ಯಗಳಲ್ಲಿ ಅದು ನಡೆಯಿತು. ಅವುಗಳಲ್ಲಿ ಹೆಚ್ಚಿನವನ್ನು ರೂಸ್‌ವೆಲ್ಟ್ ಗೆದ್ದರು. ಟಾಫ್ಟ್ ಅವರ ತವರು ಓಹಿಯೋ ಕೂಡ ರೂಸ್‌ವೆಲ್ಟ್ ಕಡೆ ಹೋಯಿತು. ಆದರೆ ಉಳಿದ ರಾಜ್ಯಗಳಲ್ಲಿ ಪ್ರತಿನಿಧಿಗಳನ್ನು ಕಳಿಸುವುದು ಪಕ್ಷದ ಮುಖಂಡರ ಕೈಯಲ್ಲಿತ್ತು. ದಕ್ಷಿಣದಲ್ಲಂತೂ ರಿಪಬ್ಲಿಕನ್ ಪಕ್ಷಕ್ಕೆ ಮತವೇ ಇರಲಿಲ್ಲ, ಆದರೆ ಸಮಾವೇಶಕ್ಕೆ ಪ್ರತಿನಿಧಿಗಳು ಬರುತ್ತಿದ್ದರು. ಅವರಲ್ಲಿ ಎಷ್ಟೋ ಜನಕ್ಕೆ ಅಂಚೆ ಕಚೇರಿ, ಸುಂಕದ ಕಚೇರಿಗಳಲ್ಲಿ ಕೆಲಸ ಕೊಟ್ಟದ್ದು ಅಧ್ಯಕ್ಷರ ಕಡೆಯವರು. ಅವರು ಟಾಫ್ಟ್ ಬಿಟ್ಟು ಹೋಗುವಂತಿರಲಿಲ್ಲ.

254 ಪ್ರತಿನಿಧಿ ಸ್ಥಾನಗಳ ಬಗ್ಗೆ ತಕರಾರು ಎದ್ದಿತು. ತೀರ್ಮಾನ ಮಾಡಬೇಕಾದ ಸಮಿತಿ ಟಾಫ್ಟ್ ಬೆಂಬಲಿಗರದ್ದು. ಅದು 235 ಸ್ಥಾನ ಟಾಫ್ಟ್‌ಗೆ ಕೊಟ್ಟಿತು, 19 ರೂಸ್‌ವೆಲ್ಟ್‌ಗೆ. ರೂಸ್‌ವೆಲ್ಟ್ ಹೇಳಿಕೊಂಡ ಎಲ್ಲ ಸ್ಥಾನವೂ ನ್ಯಾಯವಾಗಿ ಅವರದ್ದಾಗಿರಲಿಲ್ಲ, ಇದನ್ನೂ ಹೇಳಬೇಕು. ಆದರೆ ಅಲ್ಲಿ ಕೂತಿದ್ದವರ ಸಿಟ್ಟು ಸುಳ್ಳಲ್ಲ. ಜನ ಮರ ಉಜ್ಜುವ ಉಪ್ಪುಕಾಗದ ತಂದು ಒಂದಕ್ಕೊಂದು ತಿಕ್ಕಿ, ನಮ್ಮ ಮೇಲೆ ರಸ್ತೆ ರೋಲರ್ ಹತ್ತಿಸುತ್ತಿದ್ದೀರಿ ಅನ್ನುವ ಹಾಗೆ ಸದ್ದು ಮಾಡಿದರು. ವೇದಿಕೆಯ ಸುತ್ತ ಕಟ್ಟಿದ್ದ ಬಣ್ಣದ ಬಟ್ಟೆಯ ಅಡಿಯಲ್ಲಿ ಮುಳ್ಳುತಂತಿ ಸುತ್ತಿದ್ದರು. ತಮ್ಮದೇ ಪಕ್ಷದವರು ನುಗ್ಗಿಬಂದಾರು ಅನ್ನುವ ಭಯಕ್ಕೆ! ಕೊನೆಗೆ ಟಾಫ್ಟ್ 561 ಮತ ಪಡೆದು ಅಭ್ಯರ್ಥಿಯಾದರು. ಮುನ್ನೂರಕ್ಕೂ ಹೆಚ್ಚು ಪ್ರತಿನಿಧಿಗಳು ಮತವನ್ನೇ ಹಾಕದೆ ಕೂತರು.

ಆಗಸ್ಟ್‌ನಲ್ಲಿ ಅದೇ ಸಭಾಂಗಣದಲ್ಲಿ ರೂಸ್‌ವೆಲ್ಟ್ ಅವರ ಹೊಸ ಪ್ರೋಗ್ರೆಸಿವ್ ಪಕ್ಷ ಸೇರಿತು. ಜನ ಅದನ್ನು ಬುಲ್ ಮೂಸ್ ಪಕ್ಷ ಅಂದರು. ಮೂಸ್ ಅಂದರೆ ಆ ದೇಶದ ಕಾಡಿನ ಭಾರೀ ಕೊಂಬಿನ ಜಿಂಕೆ. ಮಹಿಳೆಯರಿಗೆ ಮತ ಕೊಡಬೇಕು ಅಂತ ಈ ಪಕ್ಷ ಒತ್ತಾಯಿಸಿತು. ರೂಸ್‌ವೆಲ್ಟ್ ಹೆಸರನ್ನು ಅನುಮೋದಿಸಿದವರಲ್ಲಿ ಹೆಸರಾಂತ ಸಮಾಜ ಸೇವಕಿ ಜೇನ್ ಆ್ಯಡಮ್ಸ್ ಕೂಡ ಇದ್ದರು. ಆದರೆ ದಕ್ಷಿಣದ ಬಿಳಿಯರನ್ನು ಒಲಿಸಿಕೊಳ್ಳಲು ಅಲ್ಲಿಂದ ಬಂದ ಕಪ್ಪು ಪ್ರತಿನಿಧಿಗಳನ್ನು ಇದೇ ಪಕ್ಷ ಒಳಗೆ ಬಿಟ್ಟುಕೊಳ್ಳಲಿಲ್ಲ. ನನಗೆ ರೂಸ್‌ವೆಲ್ಟ್ ಅವರ ಬಗ್ಗೆ ಗೌರವವಿದೆ. ಆದರೆ ಇದನ್ನು ಮಾತ್ರ ಕ್ಷಮಿಸಲಾಗುವುದಿಲ್ಲ.

ಅಕ್ಟೋಬರ್ 14ರ ಸಂಜೆ ಮಿಲ್ವಾಕಿಯಲ್ಲಿ ಹೋಟೆಲಿನಿಂದ ಹೊರಬಂದು ಕಾರು ಹತ್ತಿದ ರೂಸ್‌ವೆಲ್ಟ್ ಅವರ ಎದೆಗೆ ಒಬ್ಬ ಗುಂಡು ಹಾರಿಸಿದ. ಕೋಟಿನ ಒಳಜೇಬಿನಲ್ಲಿ ಕನ್ನಡಕದ ಉಕ್ಕಿನ ಡಬ್ಬಿ ಇತ್ತು. ಜೊತೆಗೆ ಅಂದಿನ ಭಾಷಣದ 50 ಹಾಳೆಗಳನ್ನು ಮಡಚಿ ಇಟ್ಟುಕೊಂಡಿದ್ದರು. ಗುಂಡು ಇವೆರಡನ್ನೂ ತೂರಿಕೊಂಡು ಎದೆಯೊಳಗೆ ನಿಂತಿತು. ರೂಸ್‌ವೆಲ್ಟ್ ಅಂಗೈಗೆ ಕೆಮ್ಮಿ ನೋಡಿಕೊಂಡರು. ರಕ್ತ ಬರಲಿಲ್ಲ. ಶ್ವಾಸಕೋಶಕ್ಕೆ ಏಟಾಗಿಲ್ಲ ಅಂದುಕೊಂಡು ಆಸ್ಪತ್ರೆ ಬಿಟ್ಟು ಸಭೆಗೇ ಹೋದರು. ರಕ್ತ ಹತ್ತಿದ ಅಂಗಿ ತೋರಿಸಿ, ಬುಲ್ ಮೂಸನ್ನು ಕೊಲ್ಲಲು ಇಷ್ಟು ಸಾಲದು ಅಂದರು. ತೂತುಬಿದ್ದ ಹಾಳೆ ಹಿಡಿದು ಸುಮಾರು ಒಂದೂವರೆ ಗಂಟೆ ಮಾತಾಡಿದರು. ಆ ಗುಂಡು ಸಾಯುವವರೆಗೂ ಅವರ ಎದೆಯಲ್ಲೇ ಇತ್ತು.

ಹಾಗಾದರೆ ಮತ ಒಡೆಯದೇ ಇದ್ದಿದ್ದರೆ? ಇಲ್ಲಿ ಒಂದು ಮಾತು ಮರೆಯಬಾರದು. ರಿಪಬ್ಲಿಕನ್ ಪಕ್ಷ ಒಂದಾಗಿ ನಿಲ್ಲಬೇಕಿದ್ದರೆ ಇಬ್ಬರಲ್ಲಿ ಒಬ್ಬರು ಅಭ್ಯರ್ಥಿಯಾಗಬೇಕಿತ್ತು. ಯಾರು ಅನ್ನುವುದರ ಮೇಲೆ ಉತ್ತರವೇ ಬದಲಾಗುತ್ತದೆ. ಷಿಕಾಗೋದಲ್ಲಿ ರೂಸ್‌ವೆಲ್ಟ್ ಗೆದ್ದಿದ್ದರೆ ನವೆಂಬರ್‌ನಲ್ಲೂ ಅವರೇ ಗೆಲ್ಲುತ್ತಿದ್ದರು ಅಂತ ನನಗನಿಸುತ್ತದೆ. ಟಾಫ್ಟ್ ಒಬ್ಬರೇ ನಿಂತಿದ್ದರೆ ಕಥೆ ಬೇರೆ. ರೂಸ್‌ವೆಲ್ಟ್ ಅವರಿಗೆ ಬಿದ್ದ 41 ಲಕ್ಷ ಮತ ಬದಲಾವಣೆ ಕೇಳುತ್ತಿದ್ದ ಮತ. ಅದರಲ್ಲಿ ದೊಡ್ಡ ಪಾಲು ಸುಧಾರಣೆಯ ಮಾತಾಡುತ್ತಿದ್ದ ವಿಲ್ಸನ್ ಕಡೆ ಹೋಗುತ್ತಿತ್ತು, ಇನ್ನಷ್ಟು ಜನ ಮನೆಯಲ್ಲೇ ಉಳಿಯುತ್ತಿದ್ದರು. ಎರಡು ವರ್ಷ ಮೊದಲೇ, 1910ರಲ್ಲಿ, ರೂಸ್‌ವೆಲ್ಟ್ ಇನ್ನೂ ಪಕ್ಷದಲ್ಲೇ ಇದ್ದಾಗ, ಡೆಮಾಕ್ರಟಿಕ್ ಪಕ್ಷ ಕೆಳಮನೆಯನ್ನು ಗೆದ್ದುಕೊಂಡಿತ್ತು. ಟಾಫ್ಟ್ ಅವರ ಕಾಲಡಿಯ ನೆಲ ಆಗಲೇ ಜಾರಿತ್ತು.

ಇನ್ನೊಂದು ವಿಷಯ. ವಿಲ್ಸನ್ ತಮ್ಮ ಪಕ್ಷದ ಅಭ್ಯರ್ಥಿಯಾದದ್ದೇ ಕಷ್ಟದಿಂದ. ಬಾಲ್ಟಿಮೋರ್ ಸಮಾವೇಶದಲ್ಲಿ ಮೊದಲು ಮುಂದಿದ್ದವರು ಚಾಂಪ್ ಕ್ಲಾರ್ಕ್. ಅವರಿಗೆ ಅರ್ಧಕ್ಕಿಂತ ಜಾಸ್ತಿ ಮತವೂ ಬಂದಿತ್ತು. ಆದರೆ ಮೂರನೇ ಎರಡು ಭಾಗ ಬೇಕಿತ್ತು. 46ನೇ ಸುತ್ತಿನಲ್ಲಿ ವಿಲ್ಸನ್ ಆಯ್ಕೆಯಾದರು. ಷಿಕಾಗೋ ಸಮಾವೇಶ ಮುಗಿದು ಕೆಲವೇ ದಿನಕ್ಕೆ ಇದು ಶುರುವಾದದ್ದು. ರಿಪಬ್ಲಿಕನ್ನರು ಒಗ್ಗಟ್ಟಾಗಿದ್ದಿದ್ದರೆ ಬಾಲ್ಟಿಮೋರ್‌ನಲ್ಲೂ ಲೆಕ್ಕ ಬೇರೆಯಾಗುತ್ತಿತ್ತೋ ಏನೋ.

ಪಕ್ಷ ಒಂದಾದರೆ ಏನಾಗುತ್ತದೆ ಅಂತ ನಾಲ್ಕು ವರ್ಷದ ನಂತರ ನೋಡಲು ಸಿಕ್ಕಿತು. 1916ರಲ್ಲಿ ರೂಸ್‌ವೆಲ್ಟ್ ಹೊಸ ಪಕ್ಷದ ಕರೆಯನ್ನು ಒಪ್ಪಲಿಲ್ಲ. ರಿಪಬ್ಲಿಕನ್ ಅಭ್ಯರ್ಥಿ ಚಾರ್ಲ್ಸ್ ಇವಾನ್ಸ್ ಹ್ಯೂಸ್ ಅವರನ್ನು ಬೆಂಬಲಿಸಿದರು. ವಿಲ್ಸನ್ ಆಗಲೂ ಗೆದ್ದರು, 277ಕ್ಕೆ 254. ಕ್ಯಾಲಿಫೋರ್ನಿಯಾದ 13 ಎಲೆಕ್ಟರ್‌ಗಳು ಆಚೆ ಹೋಗಿದ್ದರೆ ಹ್ಯೂಸ್ ಅಧ್ಯಕ್ಷರಾಗುತ್ತಿದ್ದರು. ಆ ರಾಜ್ಯದ ಗವರ್ನರ್ ಹೈರಮ್ ಜಾನ್ಸನ್. 1912ರಲ್ಲಿ ರೂಸ್‌ವೆಲ್ಟ್ ಜೊತೆ ಉಪಾಧ್ಯಕ್ಷ ಸ್ಥಾನಕ್ಕೆ ನಿಂತಿದ್ದವರು. ಈಗ ರಿಪಬ್ಲಿಕನ್ ಟಿಕೆಟ್ ಮೇಲೆ ಸೆನೆಟ್‌ಗೆ ನಿಂತಿದ್ದರು. ಆಗಸ್ಟ್‌ನಲ್ಲಿ ಪ್ರಚಾರಕ್ಕೆ ಬಂದ ಹ್ಯೂಸ್ ಲಾಂಗ್ ಬೀಚ್‌ನ ಒಂದು ಹೋಟೆಲಿನಲ್ಲಿ ಸ್ವಲ್ಪ ಹೊತ್ತು ಇಳಿದರು. ಅದೇ ಹೊತ್ತಿಗೆ ಅದೇ ಹೋಟೆಲಿನಲ್ಲಿ ಜಾನ್ಸನ್ ಕೂಡ ಇದ್ದರು. ಹ್ಯೂಸ್ ಸುತ್ತ ಇದ್ದವರು ಜಾನ್ಸನ್‌ಗೆ ಆಗದವರು, 1912ರ ಜಗಳ ಮರೆಯದವರು. ಜಾನ್ಸನ್ ಇಲ್ಲೇ ಇದ್ದಾರೆ ಅಂತ ಹ್ಯೂಸ್‌ಗೆ ಯಾರೂ ಹೇಳಲಿಲ್ಲ. ಹೊರಟುಹೋದ ಮೇಲೆ ವಿಷಯ ತಿಳಿದು ಹ್ಯೂಸ್ ಕ್ಷಮೆ ಕೇಳಲು ಜನ ಕಳಿಸಿದರು. ಅಷ್ಟರಲ್ಲಿ ಕಾಲ ಮಿಂಚಿತ್ತು. ನವೆಂಬರ್‌ನಲ್ಲಿ ಜಾನ್ಸನ್ ಸುಮಾರು 3 ಲಕ್ಷ ಮತದ ಅಂತರದಿಂದ ಗೆದ್ದರು. ಅದೇ ದಿನ, ಅದೇ ರಾಜ್ಯದಲ್ಲಿ, ಹ್ಯೂಸ್ 4,000ಕ್ಕೂ ಕಡಿಮೆ ಮತದಿಂದ ಸೋತರು.